ಕರ್ಟನ್ ಆರಿಸುವ ಮೊದಲು ಗೋಡೆ ನೋಡಿ: ರಾಡು, ಸ್ಪ್ರಿಂಗು, ಟ್ರ್ಯಾಕು ಎಲ್ಲ ಬಳಸಿದ ಅನುಭವ

ಹೋದ ವರ್ಷ ಆಷಾಢದ ಎರಡನೇ ಶುಕ್ರವಾರ ಚಾಮುಂಡಿ ಬೆಟ್ಟಕ್ಕೆ ಹೋಗಿದ್ದೆವು. ದರ್ಶನ ಮುಗಿಸಿ ಮಧ್ಯಾಹ್ನ ಮನೆಗೆ ಬಂದು ಬಾಗಿಲು ತೆಗೆದರೆ ಹಾಲ್‌ನ ಕರ್ಟನ್ ನೆಲದ ಮೇಲೆ ಬಿದ್ದಿತ್ತು. ರಾಡಿನ ಒಂದು ತುದಿ ಸೋಫಾ ಮೇಲೆ, ಇನ್ನೊಂದು ತುದಿ ಇನ್ನೂ ಎಡಗಡೆ ಬ್ರಾಕೆಟ್‌ನಲ್ಲಿ ಸಿಕ್ಕಿಕೊಂಡು ನೇತಾಡುತ್ತಿತ್ತು. ಬಲಗಡೆಯ ಬ್ರಾಕೆಟ್ ಗೋಡೆಯಿಂದ ಕಿತ್ತು ಬಂದು, ಅದರ ಜೊತೆಗೆ ಅಂಗೈ ಅಗಲದ ಪ್ಲಾಸ್ಟರ್ ಕೂಡ ಉದುರಿತ್ತು. ಕಿಟಕಿ ತೆರೆದಿಟ್ಟು ಹೋಗಿದ್ದೆವು. ಆಷಾಢದ ಗಾಳಿ ಹೇಗಿರುತ್ತದೆ ಅಂತ ಮೈಸೂರಿನವರಿಗೆ ಹೇಳಬೇಕಾಗಿಲ್ಲ.

ಆ ರಾಡು ಹಾಕಿಸಿ ಎಂಟು ತಿಂಗಳೂ ಆಗಿರಲಿಲ್ಲ. ಕುವೆಂಪುನಗರದ ಈ ಮನೆಗೆ ಬಂದಾಗ ಬಟ್ಟೆ ಆರಿಸಲು ಮೂರು ದಿನ ಅಂಗಡಿ ಸುತ್ತಿದ್ದೆ. ಬಣ್ಣ, ಡಿಸೈನ್, ಸೋಫಾಗೆ ಮ್ಯಾಚ್ ಆಗುತ್ತದಾ ಎಲ್ಲ ನೋಡಿದ್ದೆ. ಅದನ್ನು ಯಾವುದರ ಮೇಲೆ ನೇತು ಹಾಕುವುದು ಅನ್ನುವುದನ್ನು ಮಾತ್ರ ಅಂಗಡಿಯವರು ಕಳಿಸಿದ ಹುಡುಗನಿಗೆ ಬಿಟ್ಟಿದ್ದೆ. ಅದು ಬಿದ್ದ ಮೇಲೆ ಈ ಒಂದು ವರ್ಷದಲ್ಲಿ ನಮ್ಮ ಮನೆ, ಮಂಡ್ಯದಲ್ಲಿ ಅಮ್ಮನ ಮನೆ ಎರಡಕ್ಕೂ ಹೊಸದಾಗಿ ಎಲ್ಲ ಹಾಕಿಸಿದ್ದೇವೆ. ಅದಕ್ಕೂ ಮೊದಲು ಸರಸ್ವತಿಪುರಂನ ಬಾಡಿಗೆ ಮನೆಯಲ್ಲಿ ಆರು ವರ್ಷ ಗೋಡೆಗೆ ಒಂದು ತೂತೂ ಹಾಕದೆ ಕಾಲ ಕಳೆದಿದ್ದೆವು. ಹಾಗಾಗಿ ಇರುವ ವಿಧಾನಗಳಲ್ಲಿ ಹೆಚ್ಚುಕಮ್ಮಿ ಎಲ್ಲವನ್ನೂ ಬಳಸಿ ನೋಡಿದ್ದೇನೆ. ಈಗ ಮನೆ ಕಟ್ಟಿಸುತ್ತಿರುವವರು, ಮನೆ ಬದಲಿಸುತ್ತಿರುವವರು ಯಾರಾದರೂ ಇದ್ದರೆ ಅವರಿಗೆ ಉಪಯೋಗ ಆಗಲಿ ಅಂತ ಬರೆಯುತ್ತಿದ್ದೇನೆ.

ಮೊದಲು ಬಿದ್ದ ರಾಡಿನ ಕಥೆ ಮುಗಿಸುತ್ತೇನೆ, ಯಾಕಂದರೆ ನಾನು ಕಲಿತದ್ದರಲ್ಲಿ ಮುಕ್ಕಾಲು ಪಾಲು ಅಲ್ಲೇ ಇದೆ.

ಕಿತ್ತು ಬಂದ ಸ್ಕ್ರೂ ಕೈಯಲ್ಲಿ ಹಿಡಿದು ನೋಡಿದೆ. 1 ಇಂಚು ಉದ್ದ, ಅಷ್ಟೇ. ಒಳಗಿನ ಗೋಡೆಗೆ ಪ್ಲಾಸ್ಟರ್ ಸುಮಾರು ಅರ್ಧ ಇಂಚು ದಪ್ಪ ಇರುತ್ತದೆ. ಬ್ರಾಕೆಟ್ಟಿನ ತಗಡಿಗೆ ಒಂದಿಷ್ಟು ಹೋಯಿತು. ಅಂದರೆ ಗೋಡೆಯ ಗಟ್ಟಿ ಭಾಗವನ್ನು ಆ ಸ್ಕ್ರೂ ಹಿಡಿದುಕೊಂಡಿದ್ದು ಅರ್ಧ ಇಂಚಿಗಿಂತ ಕಮ್ಮಿ. ಉಳಿದದ್ದೆಲ್ಲ ಪ್ಲಾಸ್ಟರ್‌ನಲ್ಲಿ ನಿಂತಿತ್ತು.

ಆ ಹುಡುಗ ಯಾಕೆ ಚಿಕ್ಕ ಸ್ಕ್ರೂ ಹಾಕಿದ ಅಂತ ಆಮೇಲೆ ಗೊತ್ತಾಯಿತು. ಕಿಟಕಿ ಬಾಗಿಲುಗಳ ಮೇಲೆ ಲಿಂಟಲ್ ಅಂತ ಕಾಂಕ್ರೀಟಿನ ಅಡ್ಡ ತೊಲೆ ಇರುತ್ತದೆ ಅಲ್ವಾ, ಸಾಮಾನ್ಯವಾಗಿ 6 ಇಂಚು ಎತ್ತರ. ಕರ್ಟನ್ ಬ್ರಾಕೆಟ್ ಬರುವುದು ಸರಿಯಾಗಿ ಅದೇ ಜಾಗಕ್ಕೆ. ಮನೆಯಲ್ಲಿಟ್ಟುಕೊಳ್ಳುವ ಸಾಧಾರಣ ಡ್ರಿಲ್ ಮಷಿನ್ ಇಟ್ಟಿಗೆಯನ್ನು ಕೊರೆಯುತ್ತದೆ, ಕಾಂಕ್ರೀಟ್ ಸಿಕ್ಕ ತಕ್ಷಣ ಸುಮ್ನೆ ತಿರುಗುತ್ತಾ ಬಿಸಿ ಆಗುತ್ತದೆ ಅಷ್ಟೇ. ಅದಕ್ಕೆ ತಿರುಗುತ್ತಲೇ ಸುತ್ತಿಗೆ ಥರ ಬಡಿಯುವ ಹ್ಯಾಮರ್ ಡ್ರಿಲ್ ಬೇಕು. ಅದು ಇಲ್ಲದವರು ಪ್ಲಾಸ್ಟರ್ ದಾಟಿ ಸ್ವಲ್ಪ ಒಳಗೆ ಹೋದ ಕೂಡಲೇ ನಿಲ್ಲಿಸಿ, ಆ ತೂತಿಗೆ ಹಿಡಿಯುವಷ್ಟು ಚಿಕ್ಕ ಪ್ಲಗ್ (ಸ್ಕ್ರೂ ಬಿಗಿಯಾಗಿ ಕೂರಲು ತೂತಿನೊಳಗೆ ತುರುಕುವ ಪ್ಲಾಸ್ಟಿಕ್ ಕೊಳವೆ), ಚಿಕ್ಕ ಸ್ಕ್ರೂ ಹಾಕಿ ಹೋಗುತ್ತಾರೆ. ಹೊರಗಿನಿಂದ ನೋಡಿದರೆ ಏನೂ ಗೊತ್ತಾಗುವುದಿಲ್ಲ. ಬ್ರಾಕೆಟ್ ಗೋಡೆಗೆ ಅಂಟಿಕೊಂಡು ಚೆನ್ನಾಗೇ ಕಾಣುತ್ತದೆ.

ಕರ್ಟನ್ ಅಂಥ ಭಾರ ಏನಲ್ಲ. ನಮ್ಮದು ಚದರ ಮೀಟರಿಗೆ 250 ಗ್ರಾಂ ತೂಗುವ ದಪ್ಪ ಬಟ್ಟೆ. 7 ಅಡಿ ಉದ್ದ, 4 ಅಡಿ ಅಗಲದ ಒಂದು ಪೀಸ್ ಸುಮಾರು 650 ಗ್ರಾಂ ಬರುತ್ತದೆ. ನಾಲ್ಕು ಪೀಸ್ ಸೇರಿ ಎರಡೂವರೆ ಕೆಜಿ ಚಿಲ್ಲರೆ. ಎರಡು ಬ್ರಾಕೆಟ್ ಇದನ್ನು ಹೊರಲಾರವಾ ಅಂತ ಅನ್ನಿಸುತ್ತದೆ. ಆದರೆ ಬ್ರಾಕೆಟ್ ಹೊರುವುದು ತೂಕ ಒಂದನ್ನೇ ಅಲ್ಲ. ದಿನಕ್ಕೆ ನಾಲ್ಕು ಸಲ ನಾವು ಎಳೆಯುತ್ತೇವೆ, ಮಕ್ಕಳು ಅದನ್ನು ಸುತ್ತಿಕೊಂಡು ಆಡುತ್ತಾರೆ, ಗಾಳಿ ಬಂದರೆ ಅಷ್ಟು ಅಗಲದ ಬಟ್ಟೆ ದೋಣಿಯ ಹಾಯಿ ಥರ ಉಬ್ಬುತ್ತದೆ. ಜೊತೆಗೆ ಬ್ರಾಕೆಟ್ ಗೋಡೆಯಿಂದ ಎಷ್ಟು ಮುಂದಕ್ಕೆ ಚಾಚಿದೆ ಅನ್ನುವುದೂ ಮುಖ್ಯ. 2 ಇಂಚು ಚಾಚುವುದರ ಬದಲು 4 ಇಂಚು ಚಾಚುವ ಬ್ರಾಕೆಟ್ ಹಾಕಿದರೆ ಅದೇ ಕರ್ಟನ್ ಮೇಲಿನ ಸ್ಕ್ರೂವನ್ನು ಎರಡರಷ್ಟು ಬಲವಾಗಿ ಹೊರಕ್ಕೆ ಎಳೆಯುತ್ತದೆ. ನಮ್ಮದು 4 ಇಂಚಿನದು.

ಇನ್ನೂ ಒಂದು ತಪ್ಪಿತ್ತು. ನಮ್ಮ ಹಾಲ್ ಕಿಟಕಿ 8 ಅಡಿ ಅಗಲ, ರಾಡು ಒಂಬತ್ತೂವರೆ ಅಡಿ. ಅಷ್ಟು ಉದ್ದಕ್ಕೆ ಮುಕ್ಕಾಲು ಇಂಚಿನ ಪೈಪು, ಮಧ್ಯದಲ್ಲಿ ಬ್ರಾಕೆಟ್ ಇಲ್ಲ. ತಿಂಗಳೊಳಗೆ ರಾಡು ನಡುವೆ ಬಾಗಿತ್ತು. ನಮ್ಮ ಮನೆಯವರು ಎರಡು ಸಲ ಹೇಳಿದರೂ ನಾನು ಕರ್ಟನ್ ಭಾರಕ್ಕೆ ಸ್ವಲ್ಪ ಬಾಗುತ್ತದೆ ಬಿಡಿ ಅಂದಿದ್ದೆ. ಹಾಗೆ ಬಿಡಬಾರದು. ಬಾಗಿದ ರಾಡಿನಲ್ಲಿ ಕರ್ಟನ್ ಎಳೆದಾಗೆಲ್ಲ ಅದು ಮಧ್ಯಕ್ಕೇ ಜಾರುತ್ತದೆ, ನಾವು ಇನ್ನೂ ಜೋರಾಗಿ ಎಳೆಯುತ್ತೇವೆ, ಆ ಜಗ್ಗಾಟವೆಲ್ಲ ತುದಿಯ ಬ್ರಾಕೆಟ್ ಮೇಲೆ ಬೀಳುತ್ತದೆ.

ಎರಡನೇ ಸಲ ಹಾಕಿಸುವಾಗ ಸಂತೇಪೇಟೆ ಹತ್ತಿರದ ಒಂದು ಹಳೇ ಹಾರ್ಡ್‌ವೇರ್ ಅಂಗಡಿಗೆ ಹೋದೆ. ಕೌಂಟರ್ ಹತ್ತಿರ ಕೂತಿದ್ದ ಹಿರಿಯರು ರಾಡು ತೋರಿಸುವ ಮೊದಲೇ ಕೇಳಿದ ಪ್ರಶ್ನೆಗಳು ನನಗೆ ತುಂಬಾ ಇಷ್ಟ ಆದವು. "ಗೋಡೆ ಹಳೇದಾ ಹೊಸದಾ ಅಕ್ಕ? ಕಿಟಕಿ ಬಾಗಿಲು ಒಳಕ್ಕೆ ತೆಗೀತೀರೋ ಹೊರಕ್ಕೋ? ಅಳತೆ ಕಿಟಕಿದು ತಂದಿದೀರಾ, ರಾಡಿಂದಾ?" ಮೂರು ದಿನ ದೊಡ್ಡ ದೊಡ್ಡ ಫರ್ನಿಶಿಂಗ್ ಅಂಗಡಿಗಳಲ್ಲಿ ಸುತ್ತಿದಾಗ ಒಬ್ಬರೂ ಇದನ್ನು ಕೇಳಿರಲಿಲ್ಲ. ಅಲ್ಲಿ ತೋರಿಸಿದ್ದು ತುದಿಗೆ ಹಾಕುವ ಗುಂಡು ಯಾವ ಡಿಸೈನ್ ಬೇಕು ಅಂತ ಮಾತ್ರ.

ಅವರು ಕೊಟ್ಟಿದ್ದು 1 ಇಂಚಿನ ಸ್ಟೀಲ್ ಪೈಪು. ಅಡಿ ಲೆಕ್ಕ, ಬೇಕಾದಷ್ಟು ಕತ್ತರಿಸಿ ಕೊಡುತ್ತಾರೆ. ಮುಕ್ಕಾಲು ಇಂಚಿಗೂ 1 ಇಂಚಿಗೂ ನೋಡಲು ಅಂಥ ವ್ಯತ್ಯಾಸ ಇಲ್ಲ, ಆದರೆ ತಗಡಿನ ದಪ್ಪ ಒಂದೇ ಆಗಿದ್ದರೆ 1 ಇಂಚಿನದು ಬಾಗದೆ ನಿಲ್ಲುವ ಶಕ್ತಿ ಎರಡರಷ್ಟಕ್ಕಿಂತ ಜಾಸ್ತಿ. ಮಧ್ಯಕ್ಕೆ ಒಂದು ಬ್ರಾಕೆಟ್ ಕೊಟ್ಟರಂತೂ ಬಾಗುವ ಮಾತೇ ಇಲ್ಲ. ಉದ್ದ ಅರ್ಧ ಆದರೆ ಬಾಗುವುದು ಅರ್ಧ ಆಗುವುದಲ್ಲ, ಹದಿನಾರರಲ್ಲಿ ಒಂದು ಪಾಲಿಗೆ ಇಳಿಯುತ್ತದೆ. ಲೆಕ್ಕ ಗೊತ್ತಿದ್ದ ನಮ್ಮ ಮನೆಯವರು ಇದನ್ನು ಹೇಳಿದಾಗ ನಾನು ನಂಬಲಿಲ್ಲ, ಹಾಕಿಸಿದ ಮೇಲೆ ಕಣ್ಣಿಗೇ ಕಂಡಿತು. 6 ಅಡಿ ದಾಟಿದರೆ ಮಧ್ಯದ ಬ್ರಾಕೆಟ್ ಬೇಕೇ ಬೇಕು ಅಂತ ಆ ಅಂಗಡಿಯವರು ಹೇಳಿದರು. ನಾನು 5 ಅಡಿಗೇ ಹಾಕಿಸಿ ಅನ್ನುತ್ತೇನೆ.

ಫಿಟ್ಟಿಂಗ್‌ಗೆ ಬಂದವರು ಹ್ಯಾಮರ್ ಡ್ರಿಲ್ ತಂದಿದ್ದರು. 8 ಎಂಎಂ ಡ್ರಿಲ್ ಬಿಟ್, 8 ಎಂಎಂ ಪ್ಲಗ್ಗು, 2 ಇಂಚಿನ ಸ್ಕ್ರೂ. ತೂತು ಕೊರೆದ ಮೇಲೆ ಒಳಗಿನ ಪುಡಿಯನ್ನು ಊದಿ ತೆಗೆದು ಆಮೇಲೆ ಪ್ಲಗ್ ಹಾಕಿದರು. ಪುಡಿ ಹಾಗೇ ಬಿಟ್ಟರೆ ಪ್ಲಗ್ ಪೂರ್ತಿ ಒಳಗೆ ಹೋಗುವುದಿಲ್ಲ, ಹೋದರೂ ಹಿಡಿಯುವುದಿಲ್ಲ. ನಮ್ಮ ಹಳೇ ರಾಡನ್ನು ಬೀಳಿಸಿದ್ದ ಅದೇ ಲಿಂಟಲ್, ಸರಿಯಾಗಿ ಕೊರೆದರೆ ಇಡೀ ಗೋಡೆಯಲ್ಲೇ ಗಟ್ಟಿ ಜಾಗ. ಸ್ವಿಚ್ ಬೋರ್ಡಿನ ನೇರ ಮೇಲೆ ಎಲ್ಲೂ ಕೊರೆಯಬೇಡಿ, ಗೋಡೆಯೊಳಗೆ ವೈರಿನ ಪೈಪು ಸಾಮಾನ್ಯವಾಗಿ ಅಲ್ಲಿಂದಲೇ ಮೇಲಕ್ಕೆ ಹೋಗಿರುತ್ತದೆ. ಎಸಿ ಪಾಯಿಂಟ್ ಸುತ್ತಮುತ್ತಲೂ ಅಷ್ಟೇ. ಕೊನೆಗೆ ಬ್ರಾಕೆಟ್‌ನ ಹೊಟ್ಟೆಯಲ್ಲಿ ಒಂದು ಪುಟ್ಟ ಸ್ಕ್ರೂ ಇರುತ್ತದೆ, ರಾಡನ್ನು ಒತ್ತಿ ಹಿಡಿಯಲು. ಮೊದಲ ಸಲ ಅದನ್ನು ಹಾಕಿರಲೇ ಇಲ್ಲ, ಬ್ರಾಕೆಟ್‌ನಲ್ಲಿ ರಾಡು ಸುಮ್ನೆ ಕೂತಿತ್ತು. ನಿಮ್ಮ ಮನೆಯಲ್ಲೂ ಈಗಲೇ ಸ್ಟೂಲ್ ಹತ್ತಿ ನೋಡಿ.

ಪೈಪು, ಮೂರು ಬ್ರಾಕೆಟ್, ತುದಿಯ ಗುಂಡು ಎಲ್ಲ ಸೇರಿ ಸುಮಾರು 1,200 ರೂಪಾಯಿ ಆಯಿತು. ಫಿಟ್ಟಿಂಗ್ ಬ್ರಾಕೆಟ್ಟಿಗೆ 100. ಮೊದಲ ಸಲ ಇದಕ್ಕಿಂತ ಜಾಸ್ತಿ ಕೊಟ್ಟಿದ್ದೆ.

ಈ ರಾಡಿಗೆ ಹಾಕಿದ್ದು ಐಲೆಟ್ ಕರ್ಟನ್, ಅಂದರೆ ಬಟ್ಟೆಯಲ್ಲೇ ದೊಡ್ಡ ರಿಂಗು ಕೂರಿಸಿರುವುದು. ಈಗ ರೆಡಿಮೇಡ್ ಸಿಗುವುದರಲ್ಲಿ ಬಹುತೇಕ ಇದೇ. ನನಗೆ ಇಷ್ಟ. ತೆಗೆಯುವುದು ಹಾಕುವುದು ಸುಲಭ, ಒಗೆಯುವ ದಿನ ರಾಡು ಇಳಿಸಿದರೆ ಒಂದೇ ಸಲಕ್ಕೆ ಎಲ್ಲ ಜಾರಿ ಬರುತ್ತದೆ. ಹೊಲಿಸುವುದಾದರೆ ಒಂದು ಪೀಸಿಗೆ ರಿಂಗು ಸರಿಸಂಖ್ಯೆಯಲ್ಲಿ ಇರಲಿ, 8 ಅಥವಾ 10. ಆಗ ಎರಡೂ ಅಂಚು ಗೋಡೆ ಕಡೆಗೇ ತಿರುಗಿ ನಿಲ್ಲುತ್ತವೆ. 7 ಅಥವಾ 9 ಆದರೆ ಒಂದು ಅಂಚು ಗೋಡೆ ಕಡೆಗೆ, ಇನ್ನೊಂದು ನಮ್ಮ ಕಡೆಗೆ ಎದ್ದು ನಿಂತು ನೋಡಿದಾಗೆಲ್ಲ ಕಣ್ಣಿಗೆ ಚುಚ್ಚುತ್ತದೆ. ಇನ್ನೊಂದು ವಿಷಯ, ಮಧ್ಯದ ಬ್ರಾಕೆಟ್ ದಾಟಿ ರಿಂಗು ಹೋಗುವುದಿಲ್ಲ. ಹಾಗಾಗಿ ಬ್ರಾಕೆಟ್‌ನ ಆ ಕಡೆ ಎರಡು ಪೀಸ್, ಈ ಕಡೆ ಎರಡು ಪೀಸ್ ಅಂತ ಹಂಚಬೇಕು. ಪೂರ್ತಿ ಕರ್ಟನ್ ಒಂದೇ ಬದಿಗೆ ಸರಿಸಬೇಕು ಅನ್ನುವವರಿಗೆ ರಾಡು ಸರಿಹೋಗುವುದಿಲ್ಲ.

ಬೆಳಕಿನ ವಿಷಯದಲ್ಲೂ ಐಲೆಟ್ ಅಷ್ಟಕ್ಕಷ್ಟೇ. ನಮ್ಮ ಹಾಲ್ ಪಶ್ಚಿಮಕ್ಕಿದೆ, ಮಾರ್ಚ್ ಏಪ್ರಿಲ್‌ನಲ್ಲಿ ಮಧ್ಯಾಹ್ನ ಮೂರರಿಂದ ಬಿಸಿಲು ನೇರವಾಗಿ ಟಿವಿ ಮೇಲೆ ಹೊಡೆಯುತ್ತದೆ. ಬಟ್ಟೆ ಎಷ್ಟೇ ದಪ್ಪ ಇದ್ದರೂ ಮೇಲೆ ರಿಂಗುಗಳ ನಡುವೆ, ಬದಿಯಲ್ಲಿ ಗೋಡೆಗೂ ರಾಡಿಗೂ ಮಧ್ಯೆ ಬೆಳಕು ಬಂದೇ ಬರುತ್ತದೆ. ರಾಡು ಕಿಟಕಿಗಿಂತ ಎರಡೂ ಕಡೆ ಅರ್ಧ ಅಡಿಯಾದರೂ ಉದ್ದ ಇದ್ದರೆ ಬದಿಯದು ಕಮ್ಮಿ ಆಗುತ್ತದೆ. ಹಾಲಿಗೆ ಅಷ್ಟು ಸಾಕು. ಹಗಲು ಮಲಗುವವರು ಮನೆಯಲ್ಲಿದ್ದರೆ ಅವರ ರೂಮಿಗೆ ಸಾಲದು.

ರೆಡಿಮೇಡ್ ಕರ್ಟನ್ ತಗೊಳ್ಳುವವರು ಮೊದಲು ಕರ್ಟನ್ ತನ್ನಿ, ಆಮೇಲೆ ರಾಡು ಹಾಕಿಸಿ. ಸಿಗುವ ಅಳತೆ 5, 7, 9 ಅಡಿ. ಬಾಗಿಲಿನ ಲಿಂಟಲ್ ಸಾಮಾನ್ಯವಾಗಿ 7 ಅಡಿಗೆ ಶುರುವಾಗುತ್ತದೆ. ಚೆನ್ನಾಗಿ ಕಾಣಲಿ ಅಂತ ರಾಡನ್ನು ಅರ್ಧ ಅಡಿ ಮೇಲೆ ಹಾಕಿಸಿದರೆ 7 ಅಡಿಯ ಕರ್ಟನ್ ನೆಲದಿಂದ ಅರ್ಧ ಅಡಿ ಮೇಲೇ ನಿಂತುಬಿಡುತ್ತದೆ, 9 ಅಡಿಯದು ತಂದರೆ ನೆಲದ ಮೇಲೆ ಹೊರಳಾಡುತ್ತದೆ. ಪಕ್ಕದ ಮನೆಯವರಿಗೆ ಇದೇ ಆಯಿತು, ಪಾಪ, ಆರು ಪೀಸನ್ನೂ ಟೈಲರ್ ಹತ್ತಿರ ತಗೊಂಡುಹೋಗಿ ಕತ್ತರಿಸಿ ಹೊಲಿಸಿದರು.

ಆನ್‌ಲೈನ್‌ನಲ್ಲಿ ಸಿಗುವ ಎಳೆದು ಉದ್ದ ಮಾಡುವ ರಾಡನ್ನೂ ಬೆಡ್‌ರೂಮಿಗೆ ಒಂದು ತರಿಸಿದ್ದೆ. ಒಂದು ಪೈಪಿನೊಳಗೆ ಇನ್ನೊಂದು ಪೈಪು. ಎರಡೂ ಸೇರುವ ಕಡೆ ಸಣ್ಣ ಮೆಟ್ಟಿಲು ಥರ ಅಂಚು ಇರುತ್ತದೆ, ಪ್ರತಿ ಸಲ ರಿಂಗು ಅಲ್ಲೇ ತಡೆಯುತ್ತದೆ. ಪೂರ್ತಿ ಉದ್ದಕ್ಕೆ ಎಳೆದರೆ ಒಳಗಿನ ತೆಳು ಪೈಪೇ ಭಾರ ಹೊರಬೇಕು. 4 ಅಡಿ ಕಿಟಕಿಗೆ, ತೆಳು ಕರ್ಟನ್‌ಗೆ ಪರವಾಗಿಲ್ಲ. ಅದಕ್ಕಿಂತ ದೊಡ್ಡದಕ್ಕೆ ಬೇಡ.

ಬಾಡಿಗೆ ಮನೆಯವರ ವಿಷಯಕ್ಕೆ ಬರುತ್ತೇನೆ. ಸರಸ್ವತಿಪುರಂನ ಓನರ್ ಆಂಟಿ ತುಂಬಾ ಒಳ್ಳೆಯವರು, ಹಬ್ಬಕ್ಕೆ ಒಬ್ಬಟ್ಟು ಕೊಟ್ಟು ಕಳಿಸುತ್ತಿದ್ದರು. ಗೋಡೆಗೆ ಮಾತ್ರ ಒಂದು ಮೊಳೆಯನ್ನೂ ಹೊಡೆಯಬಾರದು. ಅಲ್ಲಿ ನಾವು ಬಳಸಿದ್ದು ಟೆನ್ಶನ್ ರಾಡು, ಒಳಗೆ ಸ್ಪ್ರಿಂಗ್ ಇದ್ದು ಎರಡು ಗೋಡೆಗಳ ನಡುವೆ ಒತ್ತಿಕೊಂಡು ನಿಲ್ಲುವಂಥದ್ದು. ಇದನ್ನು ಕಿಟಕಿಯ ಗೂಡಿನೊಳಗೇ ಹಾಕಬೇಕು, ಎದುರುಬದುರು ಗೋಡೆ ಇರಬೇಕು. ಅಡುಗೆಮನೆಯ 3 ಅಡಿ ಕಿಟಕಿಗೆ ತೆಳು ಕಾಟನ್ ಬಟ್ಟೆ ಹಾಕಿ ನಿಲ್ಲಿಸಿದ್ದು ಆರು ವರ್ಷವೂ ಅಲ್ಲಾಡಲಿಲ್ಲ. ಬೆಡ್‌ರೂಮಿನ 5 ಅಡಿ ಕಿಟಕಿಗೆ ದಪ್ಪ ಕರ್ಟನ್ ಹಾಕಿದ್ದು ಮೂರು ಸಲ ಬಿತ್ತು, ಮೂರೂ ಸಲ ರಾತ್ರಿ ಹೊತ್ತು. ರಾಡು ಉದ್ದ ಆದಷ್ಟೂ ಒತ್ತಿ ಹಿಡಿಯುವ ಶಕ್ತಿ ಕಮ್ಮಿ, ಮೇಲಿನ ಭಾರ ಜಾಸ್ತಿ, ಇನ್ನೇನಾಗುತ್ತದೆ? ಬಿಗಿಯಾಗಲಿ ಅಂತ ಜಾಸ್ತಿ ತಿರುಗಿಸಿದರೆ ತುದಿಯ ರಬ್ಬರ್ ಗೋಡೆಯ ಬಣ್ಣದ ಮೇಲೆ ದುಂಡಗೆ ಅಚ್ಚು ಒತ್ತುತ್ತದೆ. ಮನೆ ಬಿಡುವಾಗ ಆ ಎರಡು ಅಚ್ಚಿಗೆ ನಾನೇ ಬಣ್ಣ ಹಚ್ಚಿ ಬಂದೆ.

ಅಂಟಿಸುವ ಹುಕ್ಕುಗಳೂ ಸಿಗುತ್ತವೆ. ನುಣುಪಾದ ಟೈಲ್ಸ್ ಮೇಲೆ, ವಾರ್ಡ್‌ರೋಬ್ ಮೇಲೆ ಹಿಡಿಯುತ್ತವೆ. ಡಿಸ್ಟೆಂಪರ್ ಹೊಡೆದ ಗೋಡೆಗೆ ಬೇಡವೇ ಬೇಡ. ಅಂಟು ಬಿಡುವುದಿಲ್ಲ, ಬಣ್ಣ ಬಿಡುತ್ತದೆ, ಬಣ್ಣದ ಸಮೇತ ಕೆಳಗೆ ಬರುತ್ತದೆ.

ಈಗ ಮಂಡ್ಯ. ಇದರ ಬಗ್ಗೆ ಬರೆಯಬೇಕು ಅಂತಲೇ ಮುಖ್ಯವಾಗಿ ಕೂತಿದ್ದು.

ಅಮ್ಮನ ಮನೆ ತಾತ ಕಟ್ಟಿಸಿದ್ದು. ಮುಂದಿನ ಭಾಗಕ್ಕೆ ಆಮೇಲೆ ಆರ್‌ಸಿಸಿ ಹಾಕಿಸಿದ್ದಾರೆ, ಗೋಡೆ ಮಾತ್ರ ಹಳೇದೇ, ಇಟ್ಟಿಗೆ ಮತ್ತು ಸುಣ್ಣದ ಗಾರೆ. ಅಮ್ಮನ ರೂಮಿನ ಕಿಟಕಿ 5 ಅಡಿ ಅಗಲ. ಮರದ ಬಾಗಿಲು ಹೊರಕ್ಕೆ ತೆರೆಯುತ್ತದೆ. ಮಂಡ್ಯ ಅಂದರೆ ವಿಶ್ವೇಶ್ವರಯ್ಯ ನಾಲೆಯ ನೀರು, ಸುತ್ತ ಗದ್ದೆ, ಸಂಜೆ ಆದರೆ ಸೊಳ್ಳೆ. ಅದಕ್ಕೆ ಆಮೇಲೆ ಮೆಶ್ ಬಾಗಿಲು ಹಾಕಿಸಿದರು, ಅದು ಒಳಕ್ಕೆ ತೆರೆಯುತ್ತದೆ. ಕರ್ಟನ್ ಇದ್ದದ್ದು ಸ್ಪ್ರಿಂಗ್ ಮೇಲೆ. ಕಿಟಕಿಯ ಮರದ ಚೌಕಟ್ಟಿಗೆ ಆ ಕಡೆ ಈ ಕಡೆ ಒಂದೊಂದು ಹುಕ್ಕು, ನಡುವೆ ಪ್ಲಾಸ್ಟಿಕ್ ಸುತ್ತಿದ ಸ್ಪ್ರಿಂಗು. ನಾವು ಚಿಕ್ಕವರಿದ್ದಾಗ ಎಲ್ಲರ ಮನೆಯಲ್ಲೂ ಅದೇ ಇತ್ತು ಅಲ್ವಾ?

ಸ್ಪ್ರಿಂಗನ್ನು ನಾನು ಕೀಳಾಗಿ ನೋಡುವುದಿಲ್ಲ. ಅಗ್ಗ, ಮರದ ಚೌಕಟ್ಟಿದ್ದರೆ ಡ್ರಿಲ್ ಬೇಡ, ಕೈಯಲ್ಲೇ ಹುಕ್ಕು ತಿರುಗಿಸಬಹುದು. ಅಡುಗೆಮನೆಯ ಅರ್ಧ ಪರದೆಗೆ, ದೇವರ ಗೂಡಿನ ಮುಂದಿನ ಪುಟ್ಟ ಪರದೆಗೆ ಇವತ್ತಿಗೂ ನಾನು ಅದನ್ನೇ ಹಾಕುತ್ತೇನೆ. ಕಿಟಕಿಗಿಂತ ಎರಡು ಮೂರು ಇಂಚು ಚಿಕ್ಕದಾಗಿ ಕತ್ತರಿಸಿ ಎಳೆದು ಸಿಕ್ಕಿಸಬೇಕು, ಇಲ್ಲದಿದ್ದರೆ ಹೊಟ್ಟೆ ಬಿಡುತ್ತದೆ. ಆದರೆ 5 ಅಡಿಗೆ, ಪೂರ್ತಿ ಉದ್ದದ ಕರ್ಟನ್‌ಗೆ ಎಷ್ಟೇ ಎಳೆದು ಕಟ್ಟಿದರೂ ಅದು ಜೋತು ಬೀಳುತ್ತದೆ. ಅಮ್ಮನ ಕಿಟಕಿಯಲ್ಲಿ ಇನ್ನೊಂದು ತೊಂದರೆ, ಸ್ಪ್ರಿಂಗು ಚೌಕಟ್ಟಿಗೇ ಇದ್ದಿದ್ದರಿಂದ ಮೆಶ್ ಬಾಗಿಲು ತೆಗೆಯಬೇಕಾದರೆ ಮೊದಲು ಸ್ಪ್ರಿಂಗ್ ಬಿಚ್ಚಬೇಕು. ದಿನಾ ಸಂಜೆ ಮರದ ಬಾಗಿಲು ಹಾಕಲು ಮೆಶ್ ತೆಗೆಯಬೇಕು, ಮೆಶ್ ತೆಗೆಯಲು ಕರ್ಟನ್ ಬಿಚ್ಚಬೇಕು.

ಅಮ್ಮನಿಗೆ 74. ಎರಡು ವರ್ಷದಿಂದ ಬಲಗಡೆ ಭುಜ ಹಿಡಿದುಕೊಂಡಿದೆ, ಕೈ ತಲೆಗಿಂತ ಮೇಲೆ ಏಳುವುದಿಲ್ಲ. ಒಂದು ದಿನ ಸಂಜೆ ಹೋದಾಗ ಅವರು ಸ್ಟೂಲ್ ಮೇಲೆ ನಿಂತು, ಎಡಗೈಯಲ್ಲಿ ಗ್ರಿಲ್ ಹಿಡಿದುಕೊಂಡು, ಸ್ಪ್ರಿಂಗಿನ ಹುಕ್ಕಿಗೆ ಕೈ ಚಾಚುತ್ತಿದ್ದರು. ನನಗೆ ಎದೆ ಝಲ್ ಅಂದಿತು. ಇಳಿಸಿ ಕೂರಿಸಿ ಕೇಳಿದರೆ, "ಏನ್ ಮಾಡದವ್ವ, ಸೊಳ್ಳೆ ಬತ್ತವಲ್ಲ" ಅಂದರು.

ಮೊದಲು ನಮ್ಮ ಮನೆಯ ಥರ ರಾಡು, ಐಲೆಟ್ ಹಾಕಿಸೋಣ ಅಂದುಕೊಂಡೆ. ಆಮೇಲೆ ನಮ್ಮ ಹಾಲ್‌ನಲ್ಲಿ ನಿಂತು, ಬಲಗೈ ಮೇಲೆತ್ತದೆ ಕರ್ಟನ್ ಎಳೆದು ನೋಡಿದೆ. ಸೊಂಟದ ಎತ್ತರದಲ್ಲಿ ಬಟ್ಟೆ ಹಿಡಿದು ಎಳೆದರೆ ಬಟ್ಟೆ ಓರೆಯಾಗಿ ಬರುತ್ತದೆ, ಮೇಲೆ ರಿಂಗು ರಾಡನ್ನು ಕಚ್ಚಿಕೊಳ್ಳುತ್ತದೆ, ಇನ್ನೂ ಜೋರಾಗಿ ಜಗ್ಗಬೇಕು. ಗಟ್ಟಿಮುಟ್ಟಾಗಿರುವವರಿಗೆ ಇದು ಗೊತ್ತೇ ಆಗುವುದಿಲ್ಲ. ನೋವಿರುವ ಭುಜಕ್ಕೆ ಗೊತ್ತಾಗುತ್ತದೆ. ರಾಡಿನ ಮೇಲೆ ಮೇಣದಬತ್ತಿ ಉಜ್ಜಿದರೆ ರಿಂಗು ಸಲೀಸಾಗಿ ಜಾರುತ್ತದೆ, ನಾನು ಅದನ್ನು ಮಾಡುತ್ತೇನೆ, ಮರದ ರಾಡಿಗಂತೂ ತುಂಬಾ ಒಳ್ಳೆಯದು. ಆದರೂ ಅಮ್ಮನಿಗೆ ಸಾಲದು ಅನ್ನಿಸಿತು.

ಸಂತೇಪೇಟೆಯ ಅದೇ ಅಂಗಡಿಯವರು ಟ್ರ್ಯಾಕ್ ತೋರಿಸಿದರು. ಅಲ್ಯೂಮಿನಿಯಂ ಪಟ್ಟಿ, ಅದರ ಹೊಟ್ಟೆಯೊಳಗೆ ನೈಲಾನ್ ರನ್ನರ್‌ಗಳು ಓಡುತ್ತವೆ. ಪ್ರತಿ ರನ್ನರ್‌ಗೆ ಕರ್ಟನ್‌ನ ಒಂದು ಹುಕ್ಕು. ಬೆರಳಲ್ಲಿ ತಳ್ಳಿದರೆ ಓಡುತ್ತದೆ. ದಾರ ಎಳೆಯುವಂಥದ್ದೂ ಇದೆ, ಕಡ್ಡಿ ಇರುವಂಥದ್ದೂ ಇದೆ. ಅಣ್ಣನ ಮಗಳಿಗೆ ಮೂರು ವರ್ಷ, ದಿನವಿಡೀ ಅಜ್ಜಿ ರೂಮಿನಲ್ಲೇ ಇರುತ್ತಾಳೆ. ಕುಣಿಕೆಯ ಥರ ನೇತಾಡುವ ದಾರ ಮಕ್ಕಳ ಕುತ್ತಿಗೆಗೆ ಸುತ್ತಿಕೊಳ್ಳುವ ಅಪಾಯ ನಿಜವಾದದ್ದು, ಪುಟ್ಟ ಮಕ್ಕಳಿರುವ ಮನೆಗೆ ದಾರದ್ದು ದಯವಿಟ್ಟು ಹಾಕಬೇಡಿ. ನಾವು ಕಡ್ಡಿಯದು ತಗೊಂಡೆವು. ಮೊದಲ ರನ್ನರ್‌ಗೆ ಸಿಕ್ಕಿಸಿದ ಮೂರೂವರೆ ಅಡಿ ಕಡ್ಡಿ, ಕರ್ಟನ್ ಅಂಚಿನಲ್ಲಿ ಕೆಳಕ್ಕೆ ಇಳಿಬಿದ್ದಿರುತ್ತದೆ. ಅದನ್ನು ಹಿಡಿದು ನಡೆದುಕೊಂಡು ಹೋದರೆ ಕರ್ಟನ್ ಹಿಂದೆ ಬರುತ್ತದೆ. ರಿಮೋಟ್‌ನಲ್ಲಿ ಓಡುವ ಮೋಟಾರ್‌ದನ್ನೂ ಬೇರೆ ಅಂಗಡಿಯಲ್ಲಿ ನೋಡಿದ್ದೆ. ಬೆಲೆ ಕೇಳಿ ಬಿಟ್ಟೆ, ಅಮ್ಮನಿಗೆ ಟಿವಿ ರಿಮೋಟೇ ಬೇಸರ.

ಫಿಟ್ಟಿಂಗ್ ದಿನ ಮಂಡ್ಯದ ಆಚಾರ್ರನ್ನು ಕರೆಸಿದ್ದೆವು. ಅವರು ಒಂದು ಕಡೆ ಕೊರೆದು ನೋಡಿದರು. ಬಿಟ್ಟಿನ ಹಿಂದೆ ಕೆಂಪು ಪುಡಿ, ಬಿಳಿ ಪುಡಿ ಬುಳುಬುಳು ಅಂತ ಸುರಿಯಿತು, 8 ಎಂಎಂ ತೂತು ಹೆಬ್ಬೆಟ್ಟು ಹೋಗುವಷ್ಟಾಯಿತು. ಮಷಿನ್ ಕೆಳಗಿಟ್ಟು, "ಈ ಗ್ವಾಡೆಗೆ ಪ್ಲಗ್ ನಿಲ್ಲಕಿಲ್ಲ ಕಣಮ್ಮ. ಪಟ್ಟಿ ಹೊಡೀಬೇಕು" ಅಂದರು. ನಾಲ್ಕು ಕಡೆ ಟ್ರ್ಯಾಕ್ ಬ್ರಾಕೆಟ್ ಬರುವ ಜಾಗದಲ್ಲೇ ಗೋಡೆ ಹಿಡಿಯಬೇಕು ಅಂತ ಹಟ ಹಿಡಿಯುವ ಬದಲು, 7 ಅಡಿ ಉದ್ದದ ಒಂದು ಮರದ ಪಟ್ಟಿಯನ್ನು ಗೋಡೆಯಲ್ಲಿ ಎಲ್ಲೆಲ್ಲಿ ಗಟ್ಟಿ ಇಟ್ಟಿಗೆ ಸಿಗುತ್ತದೋ ಅಲ್ಲಿ ಆರು ಉದ್ದ ಸ್ಕ್ರೂ ಹಾಕಿ ಕೂರಿಸಿದರು. ಹಾಳಾದ ತೂತಿಗೆ ಮರದ ಬೆಣೆ ಬಡಿದು ಮುಚ್ಚಿದರು. ಟ್ರ್ಯಾಕಿನ ಬ್ರಾಕೆಟ್ ಎಲ್ಲ ಆ ಪಟ್ಟಿಗೇ, ಬೇಕಾದ ಜಾಗದಲ್ಲಿ, ಸಲೀಸಾಗಿ ಕೂತವು. ಪಟ್ಟಿಗೆ ಗೋಡೆಯ ಬಣ್ಣವನ್ನೇ ಹೊಡೆದಿದ್ದೇವೆ, ಹೇಳದಿದ್ದರೆ ಯಾರಿಗೂ ಕಾಣುವುದಿಲ್ಲ. ಹಳೇ ಮನೆ ಇರುವವರು ಬೇರೆ ಏನು ಮರೆತರೂ ಈ ಪಟ್ಟಿಯ ಉಪಾಯ ಮರೆಯಬೇಡಿ. ಜಿಪ್ಸಮ್ ಫಾಲ್ಸ್ ಸೀಲಿಂಗ್ ಇರುವವರಿಗೂ ಹೆಚ್ಚುಕಮ್ಮಿ ಇದೇ ಮಾತು, ಬೋರ್ಡಿನ ಹಿಂದೆ ಮರವೋ ಪ್ಲೈವುಡ್ಡೋ ಇಲ್ಲದೆ ಬರೀ ಬೋರ್ಡಿಗೆ ಟ್ರ್ಯಾಕ್ ಹೊಡೆದರೆ ನಿಲ್ಲುವುದಿಲ್ಲ. ಸೀಲಿಂಗ್ ಮಾಡಿಸುವಾಗಲೇ ಹೇಳಿ ಹಾಕಿಸಿಕೊಳ್ಳಿ.

5 ಅಡಿ ಕಿಟಕಿಗೆ 7 ಅಡಿ ಟ್ರ್ಯಾಕ್ ಯಾಕೆ ಅಂದರೆ ಮೆಶ್ ಬಾಗಿಲು. ಕರ್ಟನ್ ಸರಿಸಿದಾಗ ಅದು ಪೂರ್ತಿ ಗೋಡೆಯ ಮೇಲೆ ಹೋಗಿ ಕೂರಬೇಕು, ಕಿಟಕಿ ಖಾಲಿ ಬಿಡಬೇಕು. ಆಗ ಮೆಶ್ ಆರಾಮಾಗಿ ಒಳಕ್ಕೆ ತೆರೆಯುತ್ತದೆ. ಎರಡೂ ಕಡೆ ಒಂದೊಂದು ಅಡಿ ಜಾಸ್ತಿ ಇಟ್ಟದ್ದು ಸರಿಯಾಯಿತು.

ಟ್ರ್ಯಾಕಿಗೆ ರೆಡಿಮೇಡ್ ಐಲೆಟ್ ಕರ್ಟನ್ ಆಗುವುದಿಲ್ಲ, ಪ್ಲೀಟ್ ಟೇಪ್, ಅಂದರೆ ನೆರಿಗೆ ಬರಲು, ಹುಕ್ಕು ಸಿಕ್ಕಿಸಲು ಪಾಕೆಟ್ ಇರುವ ಪಟ್ಟಿ, ಹಾಕಿ ಹೊಲಿಸಬೇಕು. ಬಟ್ಟೆ ಟ್ರ್ಯಾಕ್ ಉದ್ದದ ಎರಡರಷ್ಟರಿಂದ ಎರಡೂವರೆಯಷ್ಟು ಬೇಕು. ಕಾಟನ್ ಆದರೆ ಹೊಲಿಯಲು ಕೊಡುವ ಮೊದಲೇ ಒಂದು ಸಲ ನೀರಿಗೆ ಹಾಕಿ ಒಣಗಿಸಿ ಕೊಡಿ, ಆಮೇಲೆ ಕುಗ್ಗಿದರೆ ಕಿಟಕಿಯ ಕೆಳಗೆ ಸಂದು ಬೀಳುತ್ತದೆ. ಟ್ರ್ಯಾಕ್, ರನ್ನರ್, ಕಡ್ಡಿ ಸೇರಿ 950 ರೂಪಾಯಿ, ಮರದ ಪಟ್ಟಿ ಮತ್ತು ಆಚಾರ್ರ ಕೂಲಿ 900, ಹೊಲಿಗೆ ಬೇರೆ. ನಮ್ಮ ಹಾಲ್‌ಗೆ ಆದದ್ದಕ್ಕಿಂತ ಜಾಸ್ತಿ, ಅದಕ್ಕಿಂತ ಚಿಕ್ಕ ಕಿಟಕಿಗೆ. ಒಂದು ರೂಪಾಯಿಯೂ ವ್ಯರ್ಥ ಅನ್ನಿಸಿಲ್ಲ.

ಹಾಕಿದ ಸಂಜೆ ಅಮ್ಮ ಮಂಚದ ಪಕ್ಕ ನಿಂತು ಕಡ್ಡಿ ಹಿಡಿದು ಆ ಕಡೆಯಿಂದ ಈ ಕಡೆಗೆ ಒಂದು ಸಲ, ಈ ಕಡೆಯಿಂದ ಆ ಕಡೆಗೆ ಒಂದು ಸಲ ನಡೆದರು. ಮೆಶ್ ತೆಗೆದು, ಮರದ ಬಾಗಿಲು ಹಾಕಿ, ಮೆಶ್ ಹಾಕಿದರು. ಸ್ಟೂಲ್ ಅಡುಗೆಮನೆಗೆ ಹೋಯಿತು. "ಮೊದ್ಲೇ ಹಾಕ್ಸಿದ್ರೆ ಆಗದಲ್ವಾ" ಅಂದರು. ಆಗುತ್ತಿತ್ತು. ಎರಡು ವರ್ಷ ನಮಗೆ ಹೊಳೆಯಲಿಲ್ಲ, ಅದೊಂದು ನನಗೆ ಬೇಸರ.

ಟ್ರ್ಯಾಕಿನಲ್ಲಿ ಒಂದೇ ಕಷ್ಟ, ಒಗೆಯುವ ದಿನ. ಐಲೆಟ್ ಥರ ಒಂದೇ ಸಲಕ್ಕೆ ಬರುವುದಿಲ್ಲ. ಅಮ್ಮನ ಕಿಟಕಿಗೆ 24 ಹುಕ್ಕು, ಒಂದೊಂದನ್ನೇ ರನ್ನರ್‌ನಿಂದ ಬಿಚ್ಚಿ, ಟೇಪ್‌ನಿಂದ ತೆಗೆದು, ಒಗೆದು ಒಣಗಿದ ಮೇಲೆ ಮತ್ತೆ ಸಿಕ್ಕಿಸಬೇಕು. ಸ್ಟೀಲ್ ಹುಕ್ಕು ಹಾಗೇ ಬಿಟ್ಟು ಮಷಿನ್‌ಗೆ ಹಾಕಿದರೆ ಬಟ್ಟೆ ಹರಿಯುತ್ತದೆ. ಹುಕ್ಕು ಯಾವ ಪಾಕೆಟ್‌ನಲ್ಲಿತ್ತು ಅಂತ ಟೇಪ್ ಮೇಲೆ ಪೆನ್ನಿನಲ್ಲಿ ಗುರುತು ಹಾಕಿಟ್ಟಿದ್ದೇನೆ, ಅದರಿಂದ ಅರ್ಧ ಕೆಲಸ ಕಮ್ಮಿ ಆಯಿತು. ಇದನ್ನು ಅಮ್ಮ ಮಾಡಕೂಡದು ಅಂತ ಹೇಳಿಬಿಟ್ಟಿದ್ದೇನೆ. ಗೊಂಬೆ ಕೂರಿಸುವ ಹಿಂದಿನ ಭಾನುವಾರ ನಾನೇ ಬಸ್ ಹತ್ತಿ ಹೋಗುತ್ತೇನೆ, ಬೆಳಿಗ್ಗೆ ಬಿಚ್ಚಿ ಒಗೆದರೆ ಮಂಡ್ಯದ ಬಿಸಿಲಿಗೆ ಸಂಜೆಯೊಳಗೆ ಒಣಗಿರುತ್ತದೆ, ಸೊಳ್ಳೆ ಬರುವ ಹೊತ್ತಿಗೆ ಮತ್ತೆ ಹಾಕಿ ಬರಬಹುದು.